ಬೀಗ ಕೊಟ್ಟವರ ಹೆಸರು

ಫೆಬ್ರುವರಿ 3
ಮೇಲ್ ಮೂಲಕ

ಮೌನಿ,

ನೀನು ಕಳಿಸಿದ ಫೋಟೊ ನೋಡಿದೆ. ಹೊಸ ಹುದ್ದೆ ಸಿಕ್ಕ ಮೇಲೂ ಮುಖ ಅದೇ ಗಂಟು. ಮಾತು ಕಲಿಯಲು ನಾಲ್ಕು ವರ್ಷ ತೆಗೆದುಕೊಂಡವಳಿಗೆ ಮನೆಯಲ್ಲಿಟ್ಟ ಹೆಸರು ಇನ್ನೂ ಸರಿಯಾಗಿಯೇ ಇದೆ.

ಈಗ ಕೆಲಸದ ಮಾತು. ನನ್ನ ಚಿಕಿತ್ಸಾಲಯದ ಹಿಂದಿನ ಬೀದಿಯಲ್ಲಿ ಹಳೆಯ ಬ್ಯಾಟರಿ ಕರಗಿಸಿ ಸೀಸ ತೆಗೆಯುವ ಕಾರ್ಖಾನೆ ಇದೆಯೆಂದು ನಿನಗೆ ಗೊತ್ತು. ಒಂದು ವರ್ಷದಿಂದ ಅಲ್ಲಿನ ಕೆಲಸಗಾರರು ಒಬ್ಬೊಬ್ಬರಾಗಿ ಬರುತ್ತಿದ್ದಾರೆ. ಹೊಟ್ಟೆ ಹಿಂಡುವ ನೋವು, ಒಸಡಿನ ಅಂಚಿಗೆ ನೀಲಿ ಗೆರೆ, ಲೋಟ ಹಿಡಿದರೆ ಜೋತುಬೀಳುವ ಮಣಿಕಟ್ಟು. ಕಾರ್ಖಾನೆಯ ವೈದ್ಯರು ಎಲ್ಲರ ಚೀಟಿಯಲ್ಲೂ 'ರಕ್ತಹೀನತೆ' ಎಂದು ಬರೆದಿದ್ದಾರೆ. ನಾನು ಹನ್ನೊಂದು ಜನರ ರಕ್ತವನ್ನು ಹೆಸರು ಹಾಕದೆ ಹೊರಗಿನ ಪ್ರಯೋಗಾಲಯಕ್ಕೆ ಕಳಿಸಿದೆ. ಸೀಸದ ಪ್ರಮಾಣ ಹತ್ತು ದಾಟಿದರೆ ನಾವು ಗಾಬರಿಯಾಗುತ್ತೇವೆ. ಕುಲುಮೆಯ ಮುಂದೆ ನಿಲ್ಲುವ ಒಬ್ಬರಿಗೆ ಅರವತ್ತೆರಡು ಬಂದಿದೆ. ಎಲ್ಲರೂ ಅವರನ್ನು ಕುಲುಮೆಯಣ್ಣ ಅನ್ನುತ್ತಾರೆ. ಉಳಿದ ಹತ್ತು ಜನರನ್ನು ರಕ್ತ ಕೊಡಲು ಒಪ್ಪಿಸಿದ್ದು ಅವರೇ.

ಏಪ್ರಿಲ್ ಹನ್ನೆರಡಕ್ಕೆ ನಿಮ್ಮ ಊರಿನಲ್ಲಿ ವಿಚಾರಣಾ ಆಯೋಗ ಕೂರುತ್ತದೆ. ಹನ್ನೊಂದು ಜನರೂ ಸಾಕ್ಷಿ ಹೇಳುತ್ತಾರೆ. ಅಲ್ಲಿಯವರೆಗೆ ಯಾರ ಹೆಸರೂ ಹೊರಬೀಳಬಾರದು. ಹೆಸರು, ವರದಿ ಎಲ್ಲವನ್ನೂ ಇವರ ಪರ ನಿಂತಿರುವ ಅಲ್ಲಿನ ವಕೀಲರಿಗೆ ಕಳಿಸಬೇಕು. ಫೋನು ಬೇಡ. ಇಲ್ಲಿ ಫೋನು, ಇಂಟರ್ನೆಟ್ ಎರಡೂ ಒಂದೇ ಕೇಬಲ್ ಕಂಪನಿಯದು, ಅದು ಕಾರ್ಖಾನೆಯವರದೇ. ನಮ್ಮ ನರ್ಸಮ್ಮ ಹಟ ಹಿಡಿದಿದ್ದಾರೆ: "ನಾನೇ ಬಸ್ಸಲ್ಲಿ ತಗೊಂಡು ಹೋಗಿ ಕೊಟ್ಟು ಬರ್ತೀನಿ ಡಾಕ್ಟ್ರಮ್ಮ, ಕಂಪ್ಯೂಟರ್ ಸವಾಸ ಬೇಡ." ನನಗೆ ಮೇಲ್ ವಾಸಿ ಅನ್ನಿಸುತ್ತದೆ. ನಿನ್ನ ಹೊಟ್ಟೆಪಾಡೇ ಅದಲ್ಲವೇ, ನೀನು ಹೇಳು.

ಅಕ್ಕ

*

ಫೆಬ್ರುವರಿ 5
ಮೇಲ್ ಮೂಲಕ

ಅಕ್ಕಾ,

ಮೇಲ್‌ನಲ್ಲೇ ಕಳಿಸು. ಬಸ್ಸಿನಲ್ಲಿ ಚೀಲ ಕಳೆಯಬಹುದು, ಲಕೋಟೆಯನ್ನು ಹಬೆಗೆ ಹಿಡಿದು ಬಿಚ್ಚಬಹುದು.

ತಂತಿ ಯಾರದಾದರೂ ಇರಲಿ, ಬೀಗ ಇರುವುದು ಅದಕ್ಕೇ. ತುಂಬಿದ ಬಸ್ಸಿನಲ್ಲಿ ನೀನು ಮುಂದೆ, ನಾನು ಹಿಂದೆ ನಿಂತಿದ್ದೇವೆ ಅಂದುಕೋ. ಇಬ್ಬರ ಮನಸ್ಸಿನಲ್ಲೂ ಬಾಯಿಬಿಡದ ಒಂದೊಂದು ಸಂಖ್ಯೆ ಇದೆ. ಅದರಿಂದ ಲೆಕ್ಕ ಹಾಕಿದ ಬೇರೊಂದು ಸಂಖ್ಯೆಯನ್ನು ಎಲ್ಲರಿಗೂ ಕೇಳುವಂತೆ ಕೂಗಿ ಹೇಳುತ್ತೇವೆ. ನೀನು ಕೂಗಿದ್ದಕ್ಕೆ ನನ್ನ ಗುಟ್ಟು ಸೇರಿಸಿದರೂ, ನಾನು ಕೂಗಿದ್ದಕ್ಕೆ ನಿನ್ನ ಗುಟ್ಟು ಸೇರಿಸಿದರೂ ಕೊನೆಗೆ ಒಂದೇ ಉತ್ತರ. ಕೇಳಿಸಿಕೊಂಡ ಇಡೀ ಬಸ್ಸಿಗೆ ಆ ಉತ್ತರ ಸಿಗುವುದಿಲ್ಲ. ಆ ಉತ್ತರವೇ ಕೀಲಿಕೈ. ನಿನ್ನ ಕಂಪ್ಯೂಟರು ಮತ್ತು ಮೇಲ್ ಸಂಸ್ಥೆಯ ಕಂಪ್ಯೂಟರು ಪ್ರತಿ ಸಲವೂ ಹೀಗೆ ಹೊಸ ಕೀಲಿ ಮಾಡಿಕೊಂಡು ಮಾತನಾಡುತ್ತವೆ. ನಡುವಿನ ಕೇಬಲ್ ಕಂಪನಿಗೆ ಕಾಣುವುದು ಬರೀ ಕಸ.

ಹಿಂದೆ ನಿಂತಿರುವವಳು ನಾನೇ ಎಂದು ನಿನಗೆ ಹೇಗೆ ಗೊತ್ತಾಗಬೇಕು? ಅಲ್ಲಿ ಬರುವುದು ನಮ್ಮಂಥ ಆಫೀಸು. 'ಇವರು ಇವರೇ' ಎಂದು ನಾವು ಪ್ರಮಾಣಪತ್ರ ಕೊಡುತ್ತೇವೆ. ಅದನ್ನು ನೋಡಿದ ಮೇಲೆಯೇ ಪರದೆಯ ಮೂಲೆಯಲ್ಲಿ ಬೀಗದ ಚಿತ್ರ ಬರುತ್ತದೆ. ಸಹಿ ಹಾಕುವ ಯಂತ್ರ ಕಬ್ಬಿಣದ ಜಾಲರಿಯ ಕೋಣೆಯಲ್ಲಿದೆ. ಇಬ್ಬರು ತಮ್ಮ ತಮ್ಮ ಕಾರ್ಡು ತೂರಿಸದೆ ಅದು ಅಲುಗಾಡುವುದಿಲ್ಲ. ಒಂದು ಕಾರ್ಡು ಹಿರಿಯ ಸಹೋದ್ಯೋಗಿಯದು, ಅವರನ್ನು ನಾವೆಲ್ಲ ತಾತ ಅನ್ನುತ್ತೇವೆ. ಜನವರಿಯಿಂದ ಇನ್ನೊಂದು ನನ್ನದು.

ಬೀಗದ ಚಿತ್ರ ಇದೆಯೇ ನೋಡು. ಇದ್ದರೆ ಧೈರ್ಯವಾಗಿ ಕಳಿಸು.

ಮೌನಿ

*

ಫೆಬ್ರುವರಿ 19
ಮೇಲ್ ಮೂಲಕ

ಮೌನಿ,

ಬೀಗ ಇತ್ತು. ಎಂಟನೇ ತಾರೀಕು ಹನ್ನೊಂದು ಹೆಸರು, ಹನ್ನೊಂದು ವರದಿ ಕಳಿಸಿದೆ. ತಲುಪಿದೆ ಎಂದು ವಕೀಲರು ಉತ್ತರ ಬರೆದರು.

ಆಮೇಲೆ ಮೂವರು ಹಿಂದೆ ಸರಿದರು. ಕಾರಣ ಕೇಳಿದರೆ ನೆಲ ನೋಡುತ್ತಾರೆ. ನಿನ್ನೆ ಮಧ್ಯಾಹ್ನ ಕುಲುಮೆಯಣ್ಣ ಬಂದರು. ಕುಳಿತುಕೊಳ್ಳಲಿಲ್ಲ.

"ಡಾಕ್ಟ್ರಮ್ಮ, ನನ್ನ ರಕ್ತದ ನಂಬರ್ ಯಾರ್ಯಾರಿಗೆ ಗೊತ್ತು?"

"ಯಾಕಣ್ಣ?"

"ಮೇಲ್ವಿಚಾರಕ ಕರೆದು ಭುಜದ ಮೇಲೆ ಕೈ ಹಾಕ್ದ. 'ಅರವತ್ತೆರಡಂತಲ್ಲಯ್ಯ, ಮನೇಲಿ ಹುಷಾರಾಗಿರು' ಅಂದ. ನನ್ನ ಹೆಂಡ್ತಿಗೂ ನಾನು ಆ ನಂಬರ್ ಹೇಳಿಲ್ಲ."

ಅವರು ಹಿಂದೆ ಸರಿಯುವುದಿಲ್ಲವಂತೆ. ಆದರೆ ಹೊರಡುವಾಗ ಬಾಗಿಲ ಬಳಿ ಬೀದಿಯ ಎರಡೂ ಕಡೆ ನೋಡಿ ಹೆಜ್ಜೆ ಇಟ್ಟರು. ಅವರು ಹಾಗೆ ಮಾಡಿದ್ದನ್ನು ನಾನು ಹಿಂದೆಂದೂ ಕಂಡಿರಲಿಲ್ಲ.

ನಿನ್ನನ್ನು ಬಿಟ್ಟರೆ ಸಂಖ್ಯೆ ಗೊತ್ತಿದ್ದದ್ದು ನನಗೆ, ನರ್ಸಮ್ಮನಿಗೆ, ವಕೀಲರಿಗೆ. ನರ್ಸಮ್ಮನ ತಮ್ಮ ಕಾರ್ಖಾನೆಯ ವ್ಯಾನು ಓಡಿಸುತ್ತಾನೆ. ಹೀಗೆ ಬರೆಯಲು ಕೈ ಬರುತ್ತಿಲ್ಲ, ಆದರೂ ಬರೆಯುತ್ತಿದ್ದೇನೆ. ಮೇಲ್‌ನಲ್ಲೇ ಏನಾದರೂ ತೂತು ಇದೆಯೇ?

ಅಕ್ಕ

*

ಫೆಬ್ರುವರಿ 21
ಮೇಲ್ ಮೂಲಕ

ಅಕ್ಕಾ,

ಮೇಲ್‌ನಲ್ಲಿ ತೂತಿಲ್ಲ. ಇಂಥವು ಯಾವಾಗಲೂ ಮನುಷ್ಯರ ಬಾಯಿಂದಲೇ ಸೋರುವುದು. ವಕೀಲರ ಕಚೇರಿಯ ಗುಮಾಸ್ತರಿರಬಹುದು, ನಿನ್ನ ಹತ್ತಿರದವರೇ ಇರಬಹುದು. ನೋಡಿಕೋ.

ಇಲ್ಲಿ ಕೆಲಸ ಜಾಸ್ತಿ. ಆಮೇಲೆ ಬರೆಯುತ್ತೇನೆ.

ಮೌನಿ

*

ಮಾರ್ಚ್ 1
ಮೇಲ್ ಮೂಲಕ

ಪ್ರೀತಿಯ ಅಕ್ಕನಿಗೆ,

ನಮಸ್ಕಾರಗಳು. ತಾವು ಕ್ಷೇಮವೆಂದು ನಂಬಿದ್ದೇನೆ. ವಕೀಲರು ನನ್ನನ್ನು ಸಂಪರ್ಕಿಸಿದ್ದರು. ಉಳಿದ ಎಂಟು ಜನ ಸಾಕ್ಷಿಗಳನ್ನು ಸುರಕ್ಷಿತ ಸ್ಥಳಕ್ಕೆ ಸಾಗಿಸುವ ಏರ್ಪಾಡು ಮಾಡುತ್ತಿದ್ದಾರೆ. ಅವರು ಸದ್ಯ ವಾಸಿಸುತ್ತಿರುವ ಮನೆಗಳ ವಿಳಾಸ ಮತ್ತು ಕೆಲಸಕ್ಕೆ ಹೋಗಿಬರುವ ದಾರಿಯನ್ನು ಆದಷ್ಟು ಬೇಗ ಈ ಮೇಲ್‌ಗೆ ಉತ್ತರವಾಗಿ ಕಳಿಸು. ಫೋನಿನಲ್ಲಿ ಈ ವಿಷಯ ಮಾತನಾಡಬೇಡ.

ನಿನ್ನ ಪ್ರೀತಿಯ
ಮೌನಿ

*

ಮಾರ್ಚ್ 6
ಅಂಚೆ ಮೂಲಕ

ಮೌನಿ,

ಎರಡು ದಿನದಿಂದ ಚಿಕಿತ್ಸಾಲಯದ ಇಂಟರ್ನೆಟ್ ಸತ್ತಿದೆ. ಹಾಗಾಗಿ ಕಾಗದ.

ಕುಲುಮೆಯಣ್ಣ ಕಾಣುತ್ತಿಲ್ಲ. ಮೂರನೇ ತಾರೀಕು ಬೆಳಗಿನ ಪಾಳಿಗೆಂದು ಹೊರಟವರು ಗೇಟು ಮುಟ್ಟಲೇ ಇಲ್ಲ. ಅವರು ಯಾವಾಗಲೂ ಹಿಂದಿನ ಕಾಲುವೆಯ ಏರಿಯ ಮೇಲೆ ನಡೆದು ಹೋಗುತ್ತಿದ್ದರು. ಊಟದ ಡಬ್ಬಿ ಏರಿಯ ಮೇಲೆ ಸಿಕ್ಕಿದೆ. ಪೊಲೀಸರು ಹೆಂಡತಿಯನ್ನು ಕೇಳಿದ್ದು ಒಂದೇ ಮಾತು: "ಮನೇಲಿ ಜಗಳ ಏನಾದ್ರೂ ಆಗಿತ್ತಾ?"

ನೀನು ಒಂದನೇ ತಾರೀಕು ಕೇಳಿದ ಎಂಟು ವಿಳಾಸ, ದಾರಿ ಎಲ್ಲವನ್ನೂ ಅವತ್ತೇ ಕಳಿಸಿದ್ದೆನಲ್ಲ, ವಕೀಲರು ಏಕೆ ಇನ್ನೂ ಯಾರನ್ನೂ ಕರೆದುಕೊಂಡು ಹೋಗಿಲ್ಲ? ಅಂದಹಾಗೆ ಆ ಮೇಲ್‌ನಲ್ಲಿ ನನಗೆ ನಮಸ್ಕಾರ, 'ತಾವು' ಎಲ್ಲ ಸಿಕ್ಕಿತ್ತು. ಹುದ್ದೆ ದೊಡ್ಡದಾದ ಮೇಲೆ ತಂಗಿಗೆ ಮರ್ಯಾದೆ ಬಂದಿದೆ ಎಂದು ನಕ್ಕಿದ್ದೆ. ಈಗ ನಗುವ ಸ್ಥಿತಿಯಲ್ಲಿಲ್ಲ.

ನರ್ಸಮ್ಮನನ್ನು ಕೆಲಸದಿಂದ ಬಿಡಿಸಿದೆ. ಹತ್ತಿರದವರೇ ಇರಬಹುದು ಎಂದು ನೀನು ಬರೆದದ್ದು ತಲೆಯಲ್ಲೇ ಕೊರೆಯುತ್ತಿತ್ತು. ಹನ್ನೆರಡು ವರ್ಷ ನನ್ನ ಜೊತೆಗಿದ್ದವರು. "ತಮ್ಮನಿಗೆ ಏನು ಹೇಳಿದಿರಿ?" ಎಂದು ನೇರವಾಗಿ ಕೇಳಿದೆ. ಅವರು ಇಂಜೆಕ್ಷನ್ ತಟ್ಟೆಯನ್ನು ಒರೆಸಿ, ಬಟ್ಟೆ ಮಡಚಿಟ್ಟು, "ಅವನ ಜೊತೆ ನಾನು ಮಾತು ಬಿಟ್ಟು ಮೂರು ವರ್ಷ ಆಯ್ತು, ನಿಮಗೇ ಗೊತ್ತು" ಅಂದರು. ಬೀರುವಿನ ಕೀಲಿಗೊಂಚಲನ್ನು ಮೇಜಿನ ಮೇಲಿಟ್ಟು ಹೋದರು.

ಅಕ್ಕ

*

ಮಾರ್ಚ್ 10
ಕೊರಿಯರ್ ಮೂಲಕ

ಅಕ್ಕಾ,

ಮಾರ್ಚ್ ಒಂದರಂದು ನಾನು ನಿನಗೆ ಮೇಲ್ ಬರೆದೇ ಇಲ್ಲ. ವಿಳಾಸ ಕೇಳಿಲ್ಲ. ವಕೀಲರು ನನ್ನ ಜೊತೆ ಮಾತೇ ಆಡಿಲ್ಲ. ನೀನು ಕಳಿಸಿದೆ ಅನ್ನುವ ಉತ್ತರ ನನಗೆ ಬಂದೂ ಇಲ್ಲ.

ಇದನ್ನು ಓದಿದ ಕೂಡಲೇ ಹೊರಗೆ ಹೋಗು. ಉಳಿದ ಏಳು ಜನರನ್ನು ಅವರ ಮನೆಗಳಿಂದ ಎಬ್ಬಿಸಿ ಬೇರೆಡೆ ಕಳಿಸು. ಎಲ್ಲಿಗೆ ಎಂದು ನನಗೂ ಬರೆಯಬೇಡ.

ಆಮೇಲೆ ಇಂಟರ್ನೆಟ್ ತಿರುಗಿ ಬಂದಾಗ ಒಂದೇ ಒಂದು ಸಲ ಕಂಪ್ಯೂಟರ್ ಹಚ್ಚು. ಮೇಲ್ ತೆರೆ, ಏನನ್ನೂ ಬರೆಯಬೇಡ. ಮೂಲೆಯ ಬೀಗದ ಚಿತ್ರದ ಮೇಲೆ ಒತ್ತು. ಪ್ರಮಾಣಪತ್ರ ಎಂದು ಒಂದು ಕಿಟಕಿ ತೆರೆಯುತ್ತದೆ. ಅದರಲ್ಲಿ 'ಕೊಟ್ಟವರು' ಎಂಬಲ್ಲಿ ಯಾರ ಹೆಸರಿದೆಯೋ ಹಾಗೇ ಬರೆದುಕೊಂಡು ಕಾಗದದಲ್ಲಿ ಕಳಿಸು. ನನ್ನ ವಿಳಾಸಕ್ಕೆ ಬೇಡ. ನಮ್ಮ ಮನೆಯ ಕೆಳಗಿನ ಅಂಗಡಿಯ ಟೈಲರಮ್ಮನ ಹೆಸರಿಗೆ ಕಳಿಸು, ಅವರು ನನಗೆ ಕೊಡುತ್ತಾರೆ.

ಮೌನಿ

*

ಮಾರ್ಚ್ 15
ಅಂಚೆ ಮೂಲಕ

ಮೌನಿ,

ಐದು ಮನೆಯವರನ್ನು ಕಳಿಸಿದೆ. ಇಬ್ಬರ ಮನೆಗೆ ನಾನು ಹೋಗುವಷ್ಟರಲ್ಲಿ ಬೀಗ. ಬೆಳಿಗ್ಗೆಯೇ ವ್ಯಾನು ಬಂದಿತ್ತು ಎಂದು ಪಕ್ಕದ ಮನೆಯಾಕೆ ಬಾಗಿಲ ಸಂದಿಯಿಂದ ಹೇಳಿ, ಸಂದಿಯನ್ನೂ ಮುಚ್ಚಿಕೊಂಡಳು.

ಕುಲುಮೆಯಣ್ಣ ಸಿಕ್ಕರು. ಕಾರ್ಖಾನೆಯ ಕೊಳೆನೀರು ನಿಲ್ಲುವ ಹೊಂಡದಲ್ಲಿ. ಕಾಲು ಜಾರಿ ಬಿದ್ದಿದ್ದಾರೆ ಎಂದು ಬರೆದುಕೊಂಡರು. ದೇಹ ನೋಡಲು ನನ್ನನ್ನು ಬಿಡಲಿಲ್ಲ. ಅವರ ಹೆಂಡತಿ ನನ್ನ ಮುಂದೆ ಬಂದು ನಿಂತರು, ಅಳಲಿಲ್ಲ, ಬೈಯಲಿಲ್ಲ. "ಆ ದಾರಿ ಅವರಿಗೆ ಹೇಗೆ ಗೊತ್ತಾಯ್ತು ಡಾಕ್ಟ್ರಮ್ಮ?" ಅಂತ ಕೇಳಿದರು. ನಾನೇ ಬರೆದು ಕಳಿಸಿದೆ ಎಂದು ಹೇಳಲು ನನ್ನ ಬಾಯಿ ಬರಲಿಲ್ಲ.

ಇಂಟರ್ನೆಟ್ ತಿರುಗಿ ಬಂತು, ನೀನು ಹೇಳಿದಂತೆ ಬೀಗ ಒತ್ತಿ ನೋಡಿದೆ. ಕೊಟ್ಟವರು ಎಂಬಲ್ಲಿ ನಿನ್ನ ಆಫೀಸಿನದೇ ಹೆಸರಿದೆ. ಮೂರು ಸಲ ಓದಿದೆ. ಅದೊಂದು ಸಮಾಧಾನ, ಅಷ್ಟಾದರೂ ನಿಮ್ಮವರ ಕಣ್ಣಿನ ಕೆಳಗಿದೆಯಲ್ಲ.

ಅಕ್ಕ

*

ಮಾರ್ಚ್ 18
ಕೊರಿಯರ್ ಮೂಲಕ

ಅಕ್ಕಾ,

ಸಮಾಧಾನ ಪಡುವಂಥದ್ದು ಅಲ್ಲಿ ಏನೂ ಇಲ್ಲ. ಆ ಮೇಲ್ ಸಂಸ್ಥೆ ನಮ್ಮಿಂದ ಎಂದೂ ಪ್ರಮಾಣಪತ್ರ ತೆಗೆದುಕೊಂಡಿಲ್ಲ. ಅವರಿಗೆ ಕೊಡುವವರು ಬೇರೆಯವರು. ನಿನ್ನ ಪರದೆಯಲ್ಲಿ ನಮ್ಮ ಹೆಸರು ಇದೆ ಅಂದರೆ, ನೀನು ಮಾತನಾಡುತ್ತಿರುವುದು ಮೇಲ್ ಸಂಸ್ಥೆಯ ಜೊತೆಯಲ್ಲ. ನಡುವೆ ಒಬ್ಬರು ಕೂತಿದ್ದಾರೆ. ತಾವೇ ಮೇಲ್ ಸಂಸ್ಥೆ ಎಂದು ನಟಿಸಿ ನಿನ್ನ ಜೊತೆ ಒಂದು ಕೀಲಿ ಮಾಡಿಕೊಂಡು, ನೀನು ಬರೆದದ್ದನ್ನು ಬಿಚ್ಚಿ ಓದಿ, ಆ ಕಡೆಗೆ ಇನ್ನೊಂದು ಕೀಲಿ ಹಾಕಿ ದಾಟಿಸುತ್ತಾರೆ. ಬೇಡವಾದದ್ದನ್ನು ದಾಟಿಸುವುದಿಲ್ಲ. ಬೇಕಾದದ್ದನ್ನು ನನ್ನ ಹೆಸರಿನಲ್ಲಿ ತಾವೇ ಬರೆಯುತ್ತಾರೆ. ಹೊಸ ಕಂಪ್ಯೂಟರಾಗಿದ್ದರೆ ಕೊಟ್ಟ ಪ್ರಮಾಣಪತ್ರಗಳನ್ನೆಲ್ಲ ಬರೆದಿಡುವ ಬಹಿರಂಗ ಪಟ್ಟಿಯಲ್ಲಿ ಇದು ಇಲ್ಲದ್ದನ್ನು ನೋಡಿ ತಡೆಯುತ್ತಿತ್ತು. ನಿನ್ನದು ಹಳೆಯದು.

ಇನ್ನು ನಾನು ಮುಚ್ಚಿಟ್ಟದ್ದು. ಜನವರಿ ಹದಿನಾಲ್ಕರಂದು ನಿರ್ದೇಶಕರು ಇಬ್ಬರು ಅತಿಥಿಗಳನ್ನು ಜಾಲರಿ ಕೋಣೆಗೆ ಕರೆತಂದರು. ಕೇಬಲ್ ಕಂಪನಿಯವರು, ಒಂದು ಪರೀಕ್ಷೆ ಮಾಡಬೇಕಂತೆ ಅಂದರು. ತಾತ ಕೇಳಿದರು, "ಯಾರ ಹೆಸರಿಗೆ?" ನಿರ್ದೇಶಕರು "ಪರೀಕ್ಷೆಗೆ ಯಾವ ಹೆಸರಾದರೇನು" ಎಂದು ನಕ್ಕರು. ತಾತ ನನ್ನ ಮುಖ ನೋಡಿದರು. ಪರದೆಯಲ್ಲಿ ಮೇಲ್ ಸಂಸ್ಥೆಯ ಹೆಸರಿತ್ತು, ನಾನು ಓದಿದೆ. ಕಾರ್ಡು ನನ್ನ ಕೈಗೆ ಬಂದು ಆರು ದಿನವಾಗಿತ್ತು. ಇಲ್ಲ ಅನ್ನುವುದಕ್ಕೆ ಒಂದು ಮಾತು ಸಾಕಿತ್ತು. ನಾನು ಕಾರ್ಡು ತೂರಿಸಿದೆ. ನಾನು ತೂರಿಸಿದ್ದನ್ನು ನೋಡಿ ತಾತನೂ ತೂರಿಸಿದರು.

ಫೆಬ್ರುವರಿ ಐದರಂದು ಧೈರ್ಯವಾಗಿ ಕಳಿಸು ಎಂದು ಬರೆದಾಗ ಅದು ಬರೀ ಪರೀಕ್ಷೆ ಎಂದು ನಿಜವಾಗಿಯೂ ನಂಬಿದ್ದೆ. ಆದರೆ ಮೇಲ್ವಿಚಾರಕನ ಬಾಯಲ್ಲಿ ಅರವತ್ತೆರಡು ಬಂತು ಎಂದು ನೀನು ಬರೆದ ದಿನ ನನಗೆ ಅನುಮಾನ ಬಂತು. ದಾಖಲೆ ತೆಗೆದು ನೋಡಿದೆ. ಹದಿನಾಲ್ಕನೇ ತಾರೀಕಿನ ಹಾಳೆ ಇರಲಿಲ್ಲ. ಹೆದರಿದೆ. ಹೆದರಿ ನಿನಗೆ ಬರೆದದ್ದು, ಮನುಷ್ಯರ ಬಾಯಿಂದಲೇ ಸೋರುವುದು, ಹತ್ತಿರದವರಿರಬಹುದು ಎಂದು. ಅವತ್ತೇ ನಿಜ ಹೇಳಿದ್ದರೆ ಆ ವಿಳಾಸಗಳು ಹೋಗುತ್ತಿರಲಿಲ್ಲ.

ಈಗ ಮಾಡಬೇಕಾದ್ದು ಒಂದಿದೆ. ಆ ಕಿಟಕಿಯಲ್ಲಿ 'ಕಡತಕ್ಕೆ ನಕಲು' ಎಂದಿದೆ. ಪ್ರಮಾಣಪತ್ರವನ್ನು ಪೆನ್ ಡ್ರೈವ್‌ಗೆ ಇಳಿಸಿ, ನಂಬಿಕೆಯವರ ಕೈಯಲ್ಲಿ ಕಳಿಸು. ಅದರ ಮೇಲಿನ ಸಹಿ ನಮ್ಮ ಯಂತ್ರ ಬಿಟ್ಟು ಪ್ರಪಂಚದಲ್ಲಿ ಬೇರೆ ಯಾವುದೂ ಹಾಕಲಾರದ ಸಹಿ. ನಿರ್ದೇಶಕರು ಎಷ್ಟು ಹಾಳೆ ಹರಿದರೂ ಅದನ್ನು ಅಲ್ಲಗಳೆಯಲು ಆಗುವುದಿಲ್ಲ. ಬೀಗದ ಚಿತ್ರ ತೋರಿಸುವ ಬ್ರೌಸರ್‌ಗಳನ್ನು ಮಾಡುವವರಿಗೆಲ್ಲ ಅದನ್ನು ಕಳಿಸುತ್ತೇನೆ, ಆಯೋಗಕ್ಕೂ ಕೊಡುತ್ತೇನೆ.

ಮೌನಿ

*

ಮಾರ್ಚ್ 23
ಕೈಯಲ್ಲಿ

ಇದನ್ನು ತಂದಿರುವವರು ನರ್ಸಮ್ಮ.

ಅವರ ಮನೆಗೆ ಹೋಗಿ ಹೊಸಿಲ ಹೊರಗೇ ನಿಂತು ಎಲ್ಲವನ್ನೂ ಹೇಳಿದೆ. ನಿನ್ನ ಕಾಗದವನ್ನೂ ಓದಿ ಹೇಳಿದೆ. ಅವರು ಒಳಗೆ ಕರೆಯಲಿಲ್ಲ. "ಬೀದೀಲಿ ಜನ ನನ್ನ ಕಂಡ್ರೆ ಬಾಗಿಲು ಹಾಕ್ಕೊಳ್ತಾರೆ. ಅದನ್ನ ಹೇಗೆ ವಾಪಸ್ ತಗೋತೀರಿ?" ಅಂದರು. "ಕೊಡಿ ಇಲ್ಲಿ, ಮೊದಲೇ ಬಸ್ಸಲ್ಲಿ ತಗೊಂಡು ಹೋಗ್ತೀನಿ ಅಂದಿದ್ದೆ" ಎಂದು ಪೆನ್ ಡ್ರೈವ್ ಇಸಿದುಕೊಂಡರು.

ಅವರು ಏನು ಕೇಳಿದರೂ ಸುಳ್ಳಿಲ್ಲದೆ ಉತ್ತರ ಕೊಡು. ನಾನು ನಿನ್ನನ್ನು ಕ್ಷಮಿಸಿದ್ದೇನೆ ಎಂದು ಬರೆಯಲಾರೆ. ಕುಲುಮೆಯಣ್ಣನ ಹೆಂಡತಿಗೆ ನಿನ್ನೆ ನನ್ನ ತಪ್ಪನ್ನು ಹೇಳಿದೆ. ನಿನ್ನದನ್ನು ನೀನು ಹೇಳಬೇಕು.

ಅಕ್ಕ

*

ಮಾರ್ಚ್ 27
ನರ್ಸಮ್ಮನ ಕೈಯಲ್ಲಿ

ಅಕ್ಕಾ,

ಕಳಿಸಿ ಆಯಿತು. ತಾತ ಪಕ್ಕದಲ್ಲಿ ಕೂತು ಒಂದೊಂದು ಸಾಲನ್ನೂ ಪರಿಶೀಲಿಸಿದರು. "ಈ ಮುದಿ ಸಹಿಯನ್ನೂ ಸೇರಿಸಮ್ಮ" ಎಂದು ತಮ್ಮ ಹೆಸರನ್ನೂ ಬರೆಸಿದರು.

ನಿನ್ನೆ ಸಂಜೆಯಿಂದ ಬ್ರೌಸರ್‌ಗಳು ನಮ್ಮ ಆಫೀಸನ್ನು ನಂಬಿಕಸ್ಥರ ಪಟ್ಟಿಯಿಂದ ಕಿತ್ತುಹಾಕಿವೆ. ನಾವು ಕೊಟ್ಟ ಬೀಗಗಳೆಲ್ಲ ಒಟ್ಟಿಗೆ ಬಿದ್ದುಹೋದವು. ಆಸ್ಪತ್ರೆಗಳು, ಶಾಲೆಗಳು, ನೀರಿನ ಕಚೇರಿ, ಎಲ್ಲರ ಪರದೆಯಲ್ಲೂ ಕೆಂಪು ಎಚ್ಚರಿಕೆ. ಆಫೀಸಿನ ಫೋನುಗಳು ಬಡಿದುಕೊಳ್ಳುತ್ತಲೇ ಇವೆ, ಯಾರೂ ಎತ್ತುತ್ತಿಲ್ಲ. ನಿರ್ದೇಶಕರು ನನ್ನ ಮೇಜಿನ ಬಳಿ ಬಂದು ಮೆಲ್ಲಗೆ, "ನಿನ್ನ ಅಕ್ಕನ ವಿಳಾಸ ನಮ್ಮ ಹತ್ತಿರ ಇದೆ ಅಲ್ವಾ?" ಅಂದರು. ಬೆದರಿಸುವ ದನಿಯಲ್ಲ, ಮದುವೆ ಪತ್ರಿಕೆ ಕಳಿಸುವವರ ದನಿ. ದಯವಿಟ್ಟು ನೀನೂ ಅಲ್ಲಿ ಇರಬೇಡ.

ನರ್ಸಮ್ಮ ಮೂರು ದಿನ ನನ್ನ ಕೋಣೆಯಲ್ಲಿದ್ದರು. ಕೇಳಿದ್ದು ಒಂದೇ ಪ್ರಶ್ನೆ: "ಅವತ್ತು ಪರದೆ ಮೇಲಿನ ಹೆಸರು ಓದಿದ್ರಿ ತಾನೆ?" ಓದಿದ್ದೆ ಎಂದೆ. ಅವರು ತಲೆಯಾಡಿಸಿ, ಒಣಗಿದ್ದ ಬಟ್ಟೆ ತೆಗೆಯಲು ಹೋದರು.

ನಾಳೆ ಬೆಳಿಗ್ಗೆ ಹತ್ತಕ್ಕೆ ನನ್ನನ್ನೂ ತಾತನನ್ನೂ ಯಾವುದೋ ಕಚೇರಿಗೆ ಕರೆದಿದ್ದಾರೆ. ಕಾಗದದಲ್ಲಿ ವಿಳಾಸ ಇದೆ, ಇಲಾಖೆಯ ಹೆಸರಿಲ್ಲ.

ಮೌನಿ

*

ಏಪ್ರಿಲ್ 2
ಅಂಚೆ ಮೂಲಕ, ಟೈಲರಮ್ಮನ ಹೆಸರಿಗೆ

ಮೌನಿ, ಎರಡು ಸಾಲಾದರೂ ಬರೆ.

ಅಕ್ಕ

*

ಏಪ್ರಿಲ್ 7
ಅಂಚೆ ಮೂಲಕ, ಟೈಲರಮ್ಮನ ಹೆಸರಿಗೆ

ಮೌನಿ, ಹೋದ ಕಾಗದ ಹಾಗೇ ವಾಪಸು ಬಂದಿದೆ. ಅಂಗಡಿ ಮುಚ್ಚಿದೆ ಎಂದು ಪೋಸ್ಟ್‌ಮ್ಯಾನ್ ಮೇಲೆ ಬರೆದಿದ್ದಾನೆ. ಇದನ್ನೂ ಹಾಕುತ್ತಿದ್ದೇನೆ. ಹನ್ನೆರಡಕ್ಕೆ ನಾವು ಬರುತ್ತೇವೆ.

ಅಕ್ಕ

*

ಏಪ್ರಿಲ್ 20
ಬಂದೀಖಾನೆಯ ವಿಳಾಸಕ್ಕೆ

ಮೌನಿ,

ನೀನು ಎಲ್ಲಿದ್ದೀಯ ಎಂದು ವಕೀಲರು ಮೊನ್ನೆ ಪತ್ತೆ ಹಚ್ಚಿದರು. ಆಫೀಸಿನ ಗುಟ್ಟು ಹೊರಹಾಕಿದ ಆರೋಪವಂತೆ. ತಾತನೂ ಅಲ್ಲೇ ಇನ್ನೊಂದು ಕಟ್ಟಡದಲ್ಲಿದ್ದಾರಂತೆ. ನಿರ್ದೇಶಕರು ರಜೆಯ ಮೇಲೆ ಹೋಗಿದ್ದಾರೆ. ನಿನಗೆ ಹದಿನೈದು ದಿನಕ್ಕೊಂದು ಕಾಗದ ಕೊಡುತ್ತಾರೆ, ಕೊಡುವ ಮೊದಲು ಅಲ್ಲಿನವರು ಓದುತ್ತಾರೆ ಎಂದು ವಕೀಲರು ತಿಳಿಸಿದರು. ಓದಲಿ. ಮುಚ್ಚಿಡುವ ಹೆಸರು ಈಗ ನನ್ನ ಬಳಿ ಒಂದೂ ಉಳಿದಿಲ್ಲ.

ಐವರೂ ಆಯೋಗದ ಮುಂದೆ ಮಾತನಾಡಿದರು. ವ್ಯಾನಿನಲ್ಲಿ ಹೋದ ಇಬ್ಬರು ತಿರುಗಿ ಬಂದಿದ್ದಾರೆ. ನಾವು ರಕ್ತವನ್ನೇ ಕೊಟ್ಟಿಲ್ಲ ಎಂದು ಸಹಿ ಹಾಕಿದ್ದಾರೆ. ಅವರಲ್ಲೊಬ್ಬರು ಸಹಿ ಹಾಕುವಾಗ ಪೆನ್ನು ಎರಡು ಸಲ ಕೈಯಿಂದ ಜಾರಿತು. ಕುಲುಮೆಯಣ್ಣನ ವರದಿಯನ್ನು ಓದಿದ್ದು ನರ್ಸಮ್ಮ. ಅರವತ್ತೆರಡು ಎಂದಾಗ ಅವರ ಹೆಂಡತಿ ಎದ್ದು ನಿಂತರು, ಓದಿ ಮುಗಿಯುವವರೆಗೂ ಕೂರಲಿಲ್ಲ. ನಿನ್ನ ಪ್ರಮಾಣಪತ್ರದ ಕಡತವನ್ನು ಆಯೋಗ ದಾಖಲೆಗೆ ತೆಗೆದುಕೊಂಡಿತು. ಅದನ್ನು ವಿವರಿಸಬೇಕಾದವಳ ಕುರ್ಚಿ ಖಾಲಿ ಇತ್ತು. ಅಧ್ಯಕ್ಷರು ಎರಡು ಸಲ ನಿನ್ನ ಹೆಸರು ಕೂಗಿಸಿದರು, ಆಮೇಲೆ ಮುಂದಿನ ಸಾಕ್ಷಿ ಎಂದರು. ತೀರ್ಪು ಯಾವಾಗ ಎಂದು ಯಾರಿಗೂ ಗೊತ್ತಿಲ್ಲ. ಕುಲುಮೆ ಉರಿಯುತ್ತಲೇ ಇದೆ, ಹೊಗೆ ಇಲ್ಲಿ ಕೂತವಳಿಗೆ ಕಾಣುತ್ತದೆ.

ನಾನು ಊರು ಬಿಟ್ಟಿಲ್ಲ. ನರ್ಸಮ್ಮ ದಿನವೂ ಬಂದು ಕೆಲಸ ಮಾಡಿ ಹೋಗುತ್ತಾರೆ. ನನ್ನ ಜೊತೆ ಇನ್ನೂ ಕೆಲಸಕ್ಕೆ ಬೇಕಾದಷ್ಟೇ ಮಾತು.

ಮುಂದಿನ ತಿಂಗಳು ಭೇಟಿಗೆ ಅರ್ಜಿ ಹಾಕಿದ್ದೇನೆ, ಕೊಡದಿದ್ದರೆ ಅದರ ಮುಂದಿನ ತಿಂಗಳೂ ಹಾಕುತ್ತೇನೆ. ನಿನ್ನ ಮೇಲೆ ನನಗೆ ಈಗ ಏನನ್ನಿಸುತ್ತದೆ ಎನ್ನುವುದನ್ನು ಮಾತ್ರ ಇಲ್ಲಿ ಬರೆಯುವುದಿಲ್ಲ. ಅದು ಇವರು ಓದಲಿಕ್ಕಿರುವುದಲ್ಲ. ಬಂದಾಗ ಕಿವಿಯಲ್ಲಿ ಹೇಳುತ್ತೇನೆ.

ಅಕ್ಕ